ಹಗೇವಿಗೆ ಇಳಿಬಿಟ್ಟ ಬೆಳಕು

ನಮ್ಮೂರು ಹಳ್ಳಿಮೈಸೂರಿನಿಂದ ಒಳಗೆ, ಐವತ್ತು ಮನೆಯೂ ಇಲ್ಲದ ಊರು. ಹಿಂದೆ ಯಾವುದೋ ದಂಡು ಬಂದಾಗ ಊರಿನವರು ರಾಗಿಯನ್ನೆಲ್ಲ ನೆಲದಡಿಯ ಹಗೇವಿಗೆ ಸುರಿದು ಓಡಿದರಂತೆ. ಓಡಲಾರದ ಒಬ್ಬ ಹೆಂಗಸು ರಾಗಿಯ ಮೇಲೇ ಕೂತಳು. ಹಗೇವಿನ ಬಾಯಿಗೆ ಚಪ್ಪಡಿ ಎಳೆದು, ಸಗಣಿ ಸಾರಿಸಿ, ಮೇಲೆ ಹುಲ್ಲು ಒಟ್ಟಿದರು. ಮೂರನೇ ದಿನ ತೆಗೆದಾಗ ಅವಳ ಮೈಮೇಲೆ ಒಂದು ಗೀರೂ ಇರಲಿಲ್ಲ, ಉಸಿರೂ ಇರಲಿಲ್ಲ. ಯಾವ ದಂಡು, ಯಾವ ಕಾಲ, ಯಾರಿಗೂ ಗೊತ್ತಿಲ್ಲ. ಯಾರ ಮನೆಯ ಹಗೇವು ಎಂದರೆ ಮಾತ್ರ ಎಲ್ಲರೂ ನಮ್ಮದೇ ಅನ್ನುತ್ತಾರೆ.

ಆದ್ದರಿಂದ ನಮ್ಮಲ್ಲಿ ಹಗೇವಿಗೆ ಇಳಿಯುವ ಮೊದಲು ಎಣ್ಣೆದೀಪವನ್ನು ಹಗ್ಗದಲ್ಲಿ ಇಳಿಬಿಟ್ಟು, 'ಅವ್ವಾ, ಒಳಗಿದ್ದೀಯಾ?' ಎಂದು ಮೂರು ಸಲ ಕೇಳುತ್ತಾರೆ. ದೀಪ ಆರಿದರೆ ಅವ್ವ ಇನ್ನೂ ಇದ್ದಾಳೆ. ಬಾಯಿ ತೆರೆದಿಟ್ಟು ಮಾರನೆಯ ದಿನ ನೋಡಬೇಕು.

ಹೋದ ಬೇಸಿಗೆಯ ಒಂದು ಭಾನುವಾರ ದೊಡ್ಡಪ್ಪನ ಮಗ, ನಮ್ಮಣ್ಣ, ಕೊಟ್ಟಿಗೆಯ ಪಾಯ ತೆಗೆಸುತ್ತಿದ್ದ. ಹಿತ್ತಲಲ್ಲಿ ಚಪ್ಪಡಿ ಸಿಕ್ಕಿತು. ಮಣ್ಣು ತುಂಬುವ ಮೊದಲು ಒಳಗೇನಿದೆ ನೋಡೋಣ ಎಂದ. ನಾಲ್ಕು ಜನ ಚಪ್ಪಡಿ ಸರಿಸಿದೆವು.

"ದೀಪ ತತ್ತೀನಿ, ತಡೀರ್ಲಾ," ಎಂದು ದೊಡ್ಡವ್ವ ಒಳಗೆ ಹೋದರು. ಬತ್ತಿ ಸಿಗಲಿಲ್ಲವೋ ಏನೋ, ತಡವಾಯಿತು. ಅಣ್ಣನಿಗೆ ಅವಸರ.

"ಲೇ, ನಿನ್ ಮೊಬೈಲ್‌ನಾಗೆ ಲೈಟಿಲ್ವಾ?"

ಇತ್ತು. ಟಾರ್ಚ್ ಹಾಕಿ, ಬಟ್ಟೆಚೀಲದಲ್ಲಿಟ್ಟು, ಹಗ್ಗ ಕಟ್ಟಿ ಇಳಿಬಿಟ್ಟವನು ನಾನೇ. ಅದು ತಳ ಮುಟ್ಟಿತು. ಅಣ್ಣ ಮೂರು ಸಲ ಕೇಳಿದ, ತಮಾಷೆಗಲ್ಲ, ಬಗ್ಗಿ, ಸರಿಯಾಗಿಯೇ ಕೇಳಿದ.

"ಆರಿಲ್ಲ ಕಣ್ಲಾ. ಅವ್ವ ಒಂಟೋಗವ್ಳೆ."

ನಾನು ಹೌದೆಂದು ತಲೆಯಾಡಿಸಿದೆ. ನಾನು ಹೈಸ್ಕೂಲಿನಲ್ಲಿ ವಿಜ್ಞಾನ ಪಾಠ ಮಾಡುವವನು.

ಅಣ್ಣ ಸೊಂಟಕ್ಕೆ ಬಾವಿಹಗ್ಗ ಬಿಗಿದುಕೊಂಡ. "ಅವ್ವ ಸಿಕ್ಕುದ್ರೆ ನಿನ್ ಎಸ್ರೇ ಯೋಳ್ತೀನಿ," ಎಂದು ನಕ್ಕು ಇಳಿದ. ತಳದಿಂದ "ಏನೂ ಇಲ್ಲ ಕಣ, ಬರೀ..." ಎಂದದ್ದು ಕೇಳಿತು. ಮುಂದಿನ ಮಾತು ಬರಲಿಲ್ಲ. ಬಗ್ಗಿ ನೋಡಿದೆ. ಅವನು ಗೋಡೆಗೊರಗಿ ಕೂತಿದ್ದ. ಮೊಬೈಲಿನ ಬೆಳಕು ಅವನ ಎಡಗೈ ಮೇಲೆ ಬಿದ್ದಿತ್ತು. ಕೂಗಿದರೆ ಆ ಕೈ ಅಲ್ಲಾಡಲಿಲ್ಲ.

ಎಳೆದೆವು. ಕಿರಿದಾದ ಬಾಯಲ್ಲಿ ಭುಜ ಸಿಕ್ಕಿಕೊಂಡಿತು. ಬಿಡಿಸುವಷ್ಟರಲ್ಲಿ ಅವನ ತುಟಿ ನೀಲಿಯಾದದ್ದನ್ನು ಕಂಡೆ. ನೆಲದ ಮೇಲೆ ಮಲಗಿಸಿ ಎದೆ ತಿಕ್ಕಿದೆವು. ಎಷ್ಟು ಹೊತ್ತು, ಹೇಳಲಾರೆ. ಆಮೇಲೆ ಕೆಮ್ಮಿದ, ವಾಂತಿ ಮಾಡಿದ. ತಲೆಯೆತ್ತಿದಾಗ ದೊಡ್ಡವ್ವ ಹಚ್ಚಿದ ದೀಪಕ್ಕೆ ಸೆರಗು ಮರೆಮಾಡಿಕೊಂಡು ನಿಂತಿದ್ದರು.

ಅಣ್ಣನನ್ನು ಹೊಳೆನರಸೀಪುರದ ಆಸ್ಪತ್ರೆಗೆ ಸೇರಿಸಿ, ಸಂಜೆ ಬಂದು, ಆ ದೀಪವನ್ನು ನಾನೇ ಇಳಿಬಿಟ್ಟೆ. ಎರಡು ಮೊಳ ಇಳಿಯುವಷ್ಟರಲ್ಲಿ ಆರಿತು. ಗಾಳಿ ಬೇಡದ ಮೊಬೈಲ್ ಕೆಳಗೆ ಇನ್ನೂ ಉರಿಯುತ್ತಿತ್ತು.

ಈಗ ಊರಲ್ಲಿ ಕಥೆ ಬೆಳೆದಿದೆ: ಅವ್ವನೇ ಅವನನ್ನು ಮೇಲಕ್ಕೆ ತಳ್ಳಿದಳು. ಅಣ್ಣನೂ ಹಾಗೇ ಹೇಳುತ್ತಾನೆ. ಆ ಕಥೆಯಲ್ಲಿ ಮೊಬೈಲ್ ಇಲ್ಲ. ಕೇಳಿದಾಗಲೆಲ್ಲ ನನಗೆ ಕೂತಲ್ಲಿ ಕೂರಲಾಗುವುದಿಲ್ಲ, ಎದ್ದು ಹೋಗುತ್ತೇನೆ.

ಮೊನ್ನೆ ಹೋಗಲಿಲ್ಲ. ಜಗಲಿಯಲ್ಲಿ ಅಣ್ಣ ಹೇಳಿ ಮುಗಿಸಿದ ಮೇಲೆ ಪಕ್ಕದ ಮನೆಯವನು, "ನಮ್ ಇತ್ತಲ್ನಾಗೂ ಒಂದು ಅಗೇವದೆ, ನಾಳೀಕೆ ತೆಗೀತೀವಿ," ಎಂದ. ಆಗ ಹೇಳಿದೆ, ಅವತ್ತು ದೀಪ ಇಳಿಬಿಟ್ಟಿರಲಿಲ್ಲ, ಮೊಬೈಲ್ ಬಿಟ್ಟೆವು, ಬಿಟ್ಟವನು ನಾನು. ಅಣ್ಣ ಕಾಲಿನ ಬೆರಳು ನೋಡುತ್ತ ಕೂತ.

ಪಕ್ಕದ ಮನೆಯವನು ಕೇಳಿದ: "ಅದೂ ಬೆಳಕೇ ಅಲ್ವಾ ಸಾ?"

ಎದ್ದು ಒಳಗೆ ಹೋಗಿ, ದೊಡ್ಡವ್ವನ ಹತ್ತಿರ ದೀಪ, ಎಣ್ಣೆ, ಬತ್ತಿ ಇಸಿದುಕೊಂಡೆ. ಅವನ ಕೈಗೆ ಕೊಟ್ಟೆ. ನಾಳೆ ನಾನು ಬರುವವರೆಗೆ ಚಪ್ಪಡಿ ಮುಟ್ಟಬೇಡ ಎಂದೆ.