ಸಾಹೇಬರಿಗೆ ಹಾಕಿದ ಕುರ್ಚಿ

ನನ್ನ ಕುರ್ಚಿಯ ದೆಸೆಯಿಂದ ನನ್ನ ಅಕ್ಕನ ಅಕ್ಕಿ ಹೋಯಿತು.

ನಗಬೇಡಿ, ಖರೇ ಮಾತು. ಕೈಯಿರುವ ಕಟ್ಟಿಗೆಯ ಕುರ್ಚಿ ಅದು. ಕೂರುವ ಜಾಗಕ್ಕೆ ನಾನೇ ಬಿಗಿದು ಹೊಲಿದ ಕೆಂಪು ರೆಗ್ಜಿನ್ ಇದೆ. (ರಾಣೆಬೆನ್ನೂರಿನ ಲಾರಿಗಳಿಗೆ ತಾಡಪತ್ರಿ, ಸೀಟು ಹೊಲಿದೇ ನಾನು ಉಣ್ಣುವುದು ಎಂದು ಈ ಅಂಕಣ ಓದುವವರಿಗೆ ಗೊತ್ತು. ಗೊತ್ತಿಲ್ಲದವರಿಗೆ ಈಗ ಗೊತ್ತಾಯಿತು.) ಆ ಕುರ್ಚಿಯ ಮೇಲೆ ಸರಕಾರದ ಒಬ್ಬ ಸಾಹೇಬರು ಆರಾಮಾಗಿ ಕುಳಿತರು, ಚಹಾ ಕುಡಿದರು. ಎದ್ದು ಹೋಗುವಾಗ ನನ್ನ ಅಕ್ಕ ಬಡವಳಲ್ಲ ಎಂದು ಬರೆದುಕೊಂಡು ಹೋದರು.

ಮೊದಲಿನಿಂದ ಹೇಳುತ್ತೇನೆ.

ಅಕ್ಕ ನೀಲವ್ವ ನಮ್ಮ ಓಣಿಯಲ್ಲೇ ಇದ್ದಾಳೆ. ಭಾವ ತೀರಿಕೊಂಡ ಮೇಲೆ ಇಬ್ಬರು ಹೆಣ್ಣುಮಕ್ಕಳ ಹೊಟ್ಟೆ ಅವಳ ದುಡಿಮೆಯ ಮೇಲೆಯೇ ನಿಂತಿದೆ. ಮೆಣಸಿನಕಾಯಿ ಸುಗ್ಗಿಯಲ್ಲಿ ಬೆಳಗಿನ ರೈಲು ಹಿಡಿದು ಬ್ಯಾಡಗಿಗೆ ಹೋಗುತ್ತಾಳೆ. ಅಲ್ಲಿ ದಿನವಿಡೀ ಕುಳಿತು ಒಣಮೆಣಸಿನಕಾಯಿಯ ತೊಟ್ಟು ಬಿಡಿಸುವ ಕೆಲಸ. ಸಂಜೆ ವಾಪಸು ಬರುವಾಗ ಈ ಹೆಂಗಸರಿಗೆ ರೈಲಿನಲ್ಲಿ ಯಾವತ್ತೂ ಸೀಟಿನ ತೊಂದರೆಯಿಲ್ಲ. ಸೀರೆಗೆ ಹಿಡಿದ ಘಾಟಿಗೆ ಪಕ್ಕದವರು ತಾವಾಗಿಯೇ ಸೀನುತ್ತ ಎದ್ದು ಹೋಗುತ್ತಾರೆ.

ಸುಗ್ಗಿ ಇರುವತನಕ ಚಿಂತೆಯಿಲ್ಲ. ಮಳೆ ಹಿಡಿದು ಪೇಟೆ ತಣ್ಣಗಾದರೆ? ಅಕ್ಕನ ಒಲೆಯೂ ತಣ್ಣಗಾಗುತ್ತದೆ. ಆ ನಾಲ್ಕು ತಿಂಗಳು ಅವಳ ಮನೆಯಲ್ಲಿ ಮಕ್ಕಳಿಗೆ ರೊಟ್ಟಿ, ತಾಯಿಗೆ ನೀರು.

ತಮ್ಮನ ಮನೆಯಲ್ಲಿ ಉಣ್ಣಬಾರದೇ ಎಂದು ನೀವು ಕೇಳುತ್ತೀರಿ. ನಾನೂ ಕೇಳಿದ್ದೇನೆ. "ಹಬ್ಬಕ್ಕ ಕರಿ, ಬರ್ತೇನಿ. ಹಸದಾಗ ಕರೀಬ್ಯಾಡ" ಅಂದಳು. ನಮ್ಮ ಅವ್ವನ ಹಾಲಿನಲ್ಲೇ ಬಂದ ಸೊಕ್ಕು ಇದು. ನನಗೂ ಒಂದಿಷ್ಟು ಬಂದಿದೆ.

ಇಂಥವಳು ಒಂದು ದಿನ ನನ್ನ ಅಂಗಡಿಗೆ ಬಂದು, "ತಮ್ಮಾ, ಹಸಿರು ಕಾರ್ಡಿಗೆ ಅರ್ಜಿ ಹಾಕಾಕತ್ತೇನಿ. ಬರದು ಕೊಡು" ಅಂದಳು.

ಹಸಿರು ಕಾರ್ಡು ಅಂದರೆ ಬಡವರ ರೇಷನ್ ಕಾರ್ಡು. ಅದಿದ್ದವರಿಗೆ ತಿಂಗಳ ಅಕ್ಕಿ ಅಗ್ಗಕ್ಕೆ ಸಿಗುತ್ತದೆ. ಉಳಿದವರದು ಕೇಸರಿ ಕಾರ್ಡು. ಅದಕ್ಕೆ ಸಕ್ಕರೆ, ಚಿಮಣಿ ಎಣ್ಣೆ, ಮೇಲೊಂದು ನಮಸ್ಕಾರ.

ನನಗೆ ಸಿಟ್ಟು ಬಂತು. ಸೂಜಿ ಕೆಳಗಿಟ್ಟೆ. "ಅಕ್ಕಾ, ನಮ್ಮ ಮನೆತನದಾಗ ಯಾರೂ ಕೈ ಚಾಚಿಲ್ಲ."

"ಕೈ ಯಾರು ಚಾಚಾಕತ್ತಾರೋ? ಸಬಕಾರ ತಗೋವಾಗ, ಕಡ್ಡಿಪೆಟಗಿ ತಗೋವಾಗ ಸರಕಾರಕ್ಕ ತೆರಿಗಿ ಕೊಟ್ಟೇನೋ ಇಲ್ಲೋ? ಕೊಡೂವಾಗ ನಿನ್ನ ಮನೆತನ ಅಡ್ಡ ಬರಲಿಲ್ಲ. ತಗೋವಾಗ ಯಾಕ ಬರ್ತದ?"

ಇದಕ್ಕೆ ಉತ್ತರ ಇದ್ದರೆ ನೀವೇ ಹೇಳಿ. ಐದನೇ ಇಯತ್ತೆಗೆ ಶಾಲೆ ಬಿಟ್ಟ ನನಗಂತೂ ಹೊಳೆಯಲಿಲ್ಲ. ಬರೆದುಕೊಟ್ಟೆ. ತಾಲ್ಲೂಕು ಆಫೀಸಿಗೆ ಜೊತೆಗೂ ಹೋದೆ.

ಅಲ್ಲಿಯ ಗುಮಾಸ್ತ ಅರ್ಜಿ ತಿರುವಿ ನೋಡಿ, "ಆದಾಯದ್ದು ಏನರ ಕಾಗದ ಐತೇನು?" ಎಂದ. ತೊಟ್ಟು ಬಿಡಿಸಿದ ಕೂಲಿಗೆ ರಸೀದಿ ಯಾರು ಕೊಡುತ್ತಾರೆ?

"ಇದ್ದದ್ದಕ್ಕ ಕಾಗದ ಕೇಳ್ರಿ. ಇಲ್ಲದ್ದಕ್ಕ ಎಲ್ಲಿಂದ ತರ್ಲಿ?" ಎಂದಳು ಅಕ್ಕ.

ಗುಮಾಸ್ತ ನಕ್ಕ. ಕೆಟ್ಟ ಮನುಷ್ಯನಲ್ಲ. "ಆತು, ಸಾಹೇಬ್ರು ಮನಿಗೆ ಬಂದು ನೋಡ್ತಾರ. ಬುಧವಾರ ಮನ್ಯಾಗ ಇರು" ಅಂದ.

ಮನೆಗೆ ಬರುತ್ತಾರೆ! ಎಡವಟ್ಟು ಶುರುವಾದದ್ದೇ ಇಲ್ಲಿ.

ನಮ್ಮ ಕಡೆಯವರಿಗೆ ಹೇಳಬೇಕಿಲ್ಲ, ಆದರೂ ಹೇಳುತ್ತೇನೆ. ಓಣಿಯ ಯಾವುದೇ ಮನೆಗೆ ದೊಡ್ಡವರು ಬರಲಿ, ಹೆಣ್ಣು ನೋಡಲು ಬೀಗರು ಬರಲಿ, ಅವತ್ತು ಆ ಮನೆ ಇಡೀ ಓಣಿಯದು. ಒಬ್ಬರ ಕುರ್ಚಿ, ಇನ್ನೊಬ್ಬರ ಜಮಖಾನೆ, ಮತ್ತೊಬ್ಬರ ಕಪ್ಪು-ಬಸಿ. ಬಂದವರು ಹೋದ ಮೇಲೆ ಸಾಮಾನೆಲ್ಲ ಅವರವರ ಮನೆಗೆ. ನನ್ನ ಮದುವೆಯ ಮಾತುಕತೆ ಆದದ್ದೂ ಪಕ್ಕದ ಮನೆಯ ಗಡಿಯಾರದ ಕೆಳಗೇ. (ಮದುವೆಯಾಗಿ ಬಂದ ದಿನ ನನ್ನ ಹೆಂಡತಿ ಮೊದಲು ಕೇಳಿದ್ದು, "ಗಡಿಯಾರ ಎಲ್ಲಿ?")

ಬುಧವಾರ ಬೆಳಿಗ್ಗೆ ನನ್ನ ಕುರ್ಚಿ ಹೋಯಿತು. ನನ್ನ ಹೆಂಡತಿ ತವರಿನ ಎರಡು ಸ್ಟೀಲ್ ಕೊಡಗಳನ್ನು ತಿಕ್ಕಿ ಒಯ್ದಿಟ್ಟಳು. ಎದುರು ಮನೆಯ ಬಸಪ್ಪಜ್ಜ ಜಮಖಾನೆ ಕಳಿಸಿದ. ಅಕ್ಕನ ಗೋಡೆಗೆ ಗೋಡೆ ಹತ್ತಿದ ಮನೆ ಮಾಬೂಬಿಯದು. ಅವಳು ಹೂವಿನ ಚಿತ್ರದ ಪಿಂಗಾಣಿ ಕಪ್ಪು-ಬಸಿ ತಂದಳು. ಅಷ್ಟಕ್ಕೇ ನಿಲ್ಲಲಿಲ್ಲ, ಟೇಬಲ್ ಫ್ಯಾನನ್ನೂ ಎತ್ತಿಕೊಂಡು ಬಂದಳು.

ಅಕ್ಕನ ಮನೆಗೆ ಕರೆಂಟೇ ಇಲ್ಲ.

"ಅದಕ್ಕೇನ ಆತು?" ಎಂದು ಮಾಬೂಬಿ ತನ್ನ ಕಿಟಕಿಯಿಂದ ಅಕ್ಕನ ಕಿಟಕಿಗೆ ವಾಯರು ಎಳೆದೇ ಬಿಟ್ಟಳು. "ಇಂಥಾ ಬಿಸಲಾಗ ಬಂದ ಮನಿಷಾ ಬೆವರಬೇಕೇನು? ತೋಬಾ ತೋಬಾ!"

ಸಾಹೇಬರು ಬಂದರು. ಹಾವೇರಿ ಕಡೆಯವರು, ಗಂಭೀರ ಮನುಷ್ಯ. ಬೂಟು ಹಾಕಿಕೊಂಡೇ ಒಳಗೆ ಬಂದು ಕುರ್ಚಿಯಲ್ಲಿ ಕುಳಿತರು. ಫ್ಯಾನಿನ ಗಾಳಿಗೆ ಮುಖ ಕೊಟ್ಟರು. ಹೂವಿನ ಕಪ್ಪಿನಲ್ಲಿ ಚಹಾ ಕುಡಿದು, "ಚಹಾ ಚಲೋ ಆಗೇತವ್ವಾ" ಅಂದರು. ಸುತ್ತ ನೋಡಿದರು. ಬರೆದುಕೊಂಡರು. ಹೋದರು. ಹಬ್ಬದ ಇಳಕಲ್ ಸೀರೆ ಉಟ್ಟ ಅಕ್ಕ ಬಾಗಿಲತನಕ ಹೋಗಿ ಕೈ ಮುಗಿದಳು.

ಬಂದದ್ದು ಕೇಸರಿ ಕಾರ್ಡು.

ನಾನು ಆಫೀಸಿಗೆ ನುಗ್ಗಿದೆ, ಹಿಂದೆ ಅಕ್ಕ. ಗುಮಾಸ್ತ ಕಾಗದ ತೆಗೆದು ಓದಿದ. "ಕೈ ಇರೋ ಕುರ್ಚಿ. ಟೇಬಲ್ ಫ್ಯಾನ್. ಪಿಂಗಾಣಿ ಕಪ್ಪು. ಸ್ಟೀಲ್ ಕೊಡ. ಯವ್ವಾ, ಇಷ್ಟೆಲ್ಲಾ ನನ್ನ ಮನ್ಯಾಗ ಇಲ್ಲ. ನೀ ಬಡವಿ ಅಂದ್ರ ನಾ ಯಾರು?"

"ಅವೆಲ್ಲಾ ಕಡಾ ತಂದಾವ್ರೀ!" ಎಂದು ಕೂಗಿದೆ.

ಗುಮಾಸ್ತ ಆಚೀಚೆ ನೋಡಿ ದನಿ ಇಳಿಸಿದ. "ಯಾರ ತರ್ರಿ ಅಂದ್ರು? ಇನ್ನೊಂದು ಅರ್ಜಿ ಹಾಕು, ಯವ್ವಾ. ಸಾಹೇಬ್ರು ಬರೂ ದಿನ ಮನಿ ಖಾಲಿ ಇಡು. ಹರಕ ಸೀರಿ ಉಟಗೋ. ತಲಿಗೆ ಎಣ್ಣಿ ಹಚ್ಚಬ್ಯಾಡ. ಸಣ್ಣ ಹುಡುಗಿ ಅಳಾಕತ್ತಿದ್ರ ಇನ್ನೂ ಚಲೋ. ಚಹಾ-ಗಿಹಾ ಮಾತ್ರ ಕೊಡಬ್ಯಾಡ ನೋಡು."

ಒಳ್ಳೆಯದಾಗಲಿ ಅಂತಲೇ ಹೇಳಿದ, ಪಾಪ. ಅಕ್ಕನ ಮುಖ ಮಾತ್ರ ಒಣಮೆಣಸಿನಕಾಯಿಯಾಯಿತು.

"ಬಂದವ್ರಿಗೆ ಚಹಾ ಕೊಡಲಾರದ ಮನಿ ನಮ್ಮದಲ್ರಿ. ಅರ್ಜಿ ಕೊಡ್ರಿ."

ದಾರಿಯಲ್ಲಿ ನಾನು, "ಹೋಗ್ಲಿ ಬಿಡಕ್ಕಾ, ಅವರ ಅಕ್ಕಿ ಅವರಿಗಿರಲಿ" ಅಂದೆ. ಅಕ್ಕ ನಡುಬೀದಿಯಲ್ಲೇ ನಿಂತುಬಿಟ್ಟಳು. "ಯಾಕ ಬಿಡ್ಲಿ? ಅಕ್ಕಿನೂ ಬಿಡಂಗಿಲ್ಲ, ಚಹಾನೂ ಬಿಡಂಗಿಲ್ಲ."

ಈಗ ಒಂದು ಮಾತು ಕೇಳುತ್ತೇನೆ. ಬಡತನಕ್ಕೂ ಯೂನಿಫಾರ್ಮ್ ಇದೆಯೇ? ಸೀರೆ ಹರಿದಿರಬೇಕು, ತಲೆ ಕೆದರಿರಬೇಕು, ಮಗು ಅಳುತ್ತಿರಬೇಕು. ಸೀರೆಗೆ ಸಬಕಾರ ಹಚ್ಚಿ ಒಗೆದರೆ ಬಡತನ ಕೊಚ್ಚಿಕೊಂಡು ಹೋಗುತ್ತದೆಯೇ?

ಮೇಡ್ಲೇರಿ ಕಡೆ ನೀರಾವರಿ ಹೊಲ ಇರುವ ಒಬ್ಬರು ನನ್ನ ಗಿರಾಕಿ. ಅವರ ಟ್ರ್ಯಾಕ್ಟರಿನ ಸೀಟು ಹೊಲಿದವನು ನಾನೇ. ಅವರ ಮನೆಯಲ್ಲಿ ಹಸಿರು ಕಾರ್ಡು ಇದೆ. ತಪಾಸಣೆಯ ದಿನ ಟ್ರ್ಯಾಕ್ಟರು ಬೀಗರ ಊರಲ್ಲಿತ್ತಂತೆ, ಸ್ಕೂಟರು ತಮ್ಮನ ಮನೆಯಲ್ಲಿ. ಇದನ್ನು ಅವರೇ ಹೇಳಿಕೊಂಡು ನಕ್ಕರು. ನೋಡಿ ಮಜಾ! ಅವರು ಇದ್ದದ್ದನ್ನು ಹೊರಗಿಟ್ಟರು, ನಾವು ಇಲ್ಲದ್ದನ್ನು ಒಳಗಿಟ್ಟೆವು. ಅವರದು ಜಾಣತನವಾಯಿತು, ನಮ್ಮದು ಶ್ರೀಮಂತಿಕೆಯಾಯಿತು.

ಎರಡನೇ ತಪಾಸಣೆಯ ದಿನ ಬಂತು. ಬೆಳಿಗ್ಗೆಯೇ ಅಕ್ಕ ನಮ್ಮ ಬಾಗಿಲಲ್ಲಿ ನಿಂತಿದ್ದಳು. "ತಮ್ಮಾ, ಕುರ್ಚಿ."

"ಮತ್ತ ಕುರ್ಚಿ? ಹುಚ್ಚು ಹಿಡದೈತೇನ ನಿನಗ?"

"ಬಂದವ್ರು ನಿಂತ ಚಹಾ ಕುಡೀಬೇಕೇನು? ತಾ. ಮತ್ತ ಕೇಳಿಲ್ಲೆ, ನೀನೂ ಬಾಗಲದಾಗ ನಿಂದ್ರು. ಕರದಾಗ ಒಳಗ ಬಾ."

ಅದೇ ಜಮಖಾನೆ, ಅದೇ ಕೊಡ, ಅದೇ ಫ್ಯಾನು, ಅದೇ ವಾಯರು. ಸಾಹೇಬರೂ ಅವರೇ. ಒಳಗೆ ಕಾಲಿಟ್ಟವರು ಹುಬ್ಬೇರಿಸಿದರು. "ಏನವ್ವಾ ಇದು? ಮತ್ತ ಕುರ್ಚಿ, ಮತ್ತ ಫ್ಯಾನ್! ಅರ್ಜಿ ಯಾಕ ಹಾಕೀದಿ?"

"ಮೊದಲ ಚಹಾ ಕುಡೀರಿ, ಆರತೈತಿ."

ಕುಡಿದರು. ಅಕ್ಕ ಅವಸರ ಮಾಡಲಿಲ್ಲ. ಕೊನೆಯ ಗುಟುಕು ಆದ ಮೇಲೆ ಕಪ್ಪು-ಬಸಿ ಕೈಗೆ ತೆಗೆದುಕೊಂಡು ಕರೆದಳು: "ಮಾಬೂಬಿ, ತಗೋ ನಿಂದು."

ಮಾಬೂಬಿ ಬಂದಳು. "ಕಪ್ಪು ನಮ್ಮವ್ರಿ ಸಾಹೇಬ್ರ. ನನ್ನ ಮಗಳ ಶಾದಿಗೆ ಬಂದಾವು." ಹಾಗೆಯೇ ಕಿಟಕಿಗೆ ಹೋಗಿ ವಾಯರು ಕಿತ್ತಳು. ಫ್ಯಾನು ನರಳುತ್ತ ನಿಂತಿತು. "ಫ್ಯಾನೂ ನಮ್ಮದ. ಕರೆಂಟೂ ನಮ್ಮದ. ಬಂದ ಗಾಳಿ ಅಷ್ಟ ನೀಲವ್ವಂದು."

ನನ್ನ ಹೆಂಡತಿ ಬಂದು, ಸಾಹೇಬರ ಕಡೆ ನೋಡದೆ, ಎರಡೂ ಕೊಡ ಎತ್ತಿಕೊಂಡು ಹೋದಳು. ಬಸಪ್ಪಜ್ಜ ಬಂದ. "ಸ್ವಲ್ಪ ಕಾಲ ಎತ್ತರಿ ಸಾಹೇಬ್ರ" ಎಂದ. ಸಾಹೇಬರು ಕುಳಿತಲ್ಲೇ ಎರಡೂ ಬೂಟುಗಾಲು ಮೇಲೆತ್ತಿದರು. ಅಜ್ಜ ಕುರ್ಚಿಯ ಕೆಳಗಿನಿಂದ ಜಮಖಾನೆ ಎಳೆದು ಸುತ್ತಿ ಬಗಲಲ್ಲಿಟ್ಟುಕೊಂಡು ನಡೆದ.

ಉಳಿದದ್ದು ಕುರ್ಚಿ.

"ತಮ್ಮಾ" ಎಂದಳು ಅಕ್ಕ.

ನಾನು ಬಾಗಿಲಲ್ಲೇ ನಿಂತೆ. ಕುಳಿತ ಮನುಷ್ಯನನ್ನು ಏಳಿಸುವುದೆಂದರೆ ನಮ್ಮಲ್ಲಿ ಬೈದದ್ದಕ್ಕಿಂತ ಹೆಚ್ಚು. ಆದರೆ ಅಕ್ಕನ ಮುಖ ನೋಡಿದೆ. ಮುಂದಿನ ಮಳೆಗಾಲವೆಲ್ಲ ಆ ಮುಖದಲ್ಲಿ ನಿಂತಿತ್ತು.

"ಸಾಹೇಬ್ರ, ಕುರ್ಚಿ ನಂದ್ರಿ" ಅಂದೆ.

ಸಾಹೇಬರು ಎದ್ದರು. ಕುರ್ಚಿ ಎತ್ತಿ ಹೊರಗೆ ಕಟ್ಟೆಯ ಮೇಲಿಟ್ಟು ಬಂದೆ. ಮಣ್ಣಿನ ಗೋಡೆ, ಒಲೆ, ಒಂದು ಗಡಿಗೆ, ಹಗ್ಗದ ಮೇಲೆ ಒಗೆದು ಹಾಕಿದ ಸೀರೆ, ನಡುವೆ ನಿಂತ ಸಾಹೇಬರು. ಮನೆ ಅಂದರೆ ಅಷ್ಟೇ. ಯಾರೂ ನಗಲಿಲ್ಲ.

ಅಕ್ಕ ಮೂಲೆಯ ಗೂಟದಿಂದ ಕೌದಿ ತೆಗೆದಳು. ಹಳೆಯ ಸೀರೆಯ ತುಂಡು ಜೋಡಿಸಿ ಹೊಲಿದ ಕೌದಿ. ಝಾಡಿಸಿ, ಮಡಚಿ, ನೆಲಕ್ಕೆ ಹಾಸಿದಳು.

"ಇದು ನಂದು. ನಾನ ಹೊಲದೇನಿ. ಕುಂದ್ರಿ."

ಸಾಹೇಬರು ಕೌದಿಯನ್ನು ನೋಡಿದರು. ಹೊಸ್ತಿಲಿಗೆ ಹೋಗಿ ಬೂಟು ಬಿಚ್ಚಿಟ್ಟರು. ಬಂದು ಕುಳಿತರು.

"ಅವತ್ತ ಯಾಕ ಹೇಳಲಿಲ್ಲವ್ವಾ?" ಎಂದರು.

"ನೀವು ಕೇಳಲಿಲ್ಲಲ್ರಿ. ನೋಡಿದ್ರಿ, ಬರಕೊಂಡ್ರಿ, ಹೋದ್ರಿ. ಮನಿಗೆ ಬಂದವ್ರ ಮುಂದ 'ಈ ಕಪ್ಪು ಕಡಾ ತಂದದ್ದು, ಕುಡೀರಿ' ಅಂತ ಕೊಡೂದು ಯಾವ ಊರಿನ ಪದ್ಧತಿರಿ?"

ಸಾಹೇಬರು ಪೆನ್ನು ತೆಗೆದರು. ತೊಡೆಯ ಮೇಲೆ ಕಾಗದ ಇಟ್ಟುಕೊಂಡು ಬರೆದರು. ಈ ಸಲ ಬರೆಯಲು ಹೆಚ್ಚೇನೂ ಇರಲಿಲ್ಲ, ಲಗೂ ಮುಗಿಯಿತು.

ಹಸಿರು ಕಾರ್ಡು ಬಂತು. ಕೊಟ್ಟದ್ದು ದಾನವಲ್ಲ, ಬಂದದ್ದು ಹಕ್ಕು. ಇದನ್ನು ಗಟ್ಟಿಯಾಗಿ ಹೇಳಬೇಕೆಂದೇ ಇದನ್ನೆಲ್ಲ ಬರೆದೆ. ಬ್ಯಾಡಗಿಯಲ್ಲಿ ತೊಟ್ಟು ಬಿಡಿಸುವ, ರಾಣೆಬೆನ್ನೂರಿನಲ್ಲಿ ಹತ್ತಿ ಆರಿಸುವ, ಹಾವೇರಿಯಲ್ಲಿ ಮಂದಿಯ ಮನೆ ಪಾತ್ರೆ ತಿಕ್ಕುವ ಅಕ್ಕ-ತಂಗಿಯರೇ, ಅರ್ಜಿ ಹಾಕಿ. ಎಣ್ಣೆ ಹಚ್ಚಿ ತಲೆ ಬಾಚಿಕೊಂಡೇ ಹಾಕಿ.

ಮೊನ್ನೆ ಮೊದಲ ಅಕ್ಕಿ ಬಂತು. ಅಕ್ಕ ಅನ್ನ ಮಾಡಿ ಸಾಮಾನು ಕೊಟ್ಟವರನ್ನೆಲ್ಲ ಊಟಕ್ಕೆ ಕರೆದಳು. "ಹಬ್ಬ ಏನಲ್ಲ, ಆದ್ರೂ ಬಾ" ಎಂದು ನನ್ನನ್ನೂ ಕರೆದಳು. ಹೋದೆವು, ಉಂಡೆವು. (ತಾಟು ಮಾತ್ರ ನಮ್ಮ ನಮ್ಮ ಮನೆಯಿಂದಲೇ ಒಯ್ದಿದ್ದೆವು.)

ಕಾರ್ಡು ಕೈಗಿಡುವಾಗ ಆ ಗುಮಾಸ್ತ, "ಯವ್ವಾ, ನಡುನಡುವ ಮತ್ತ ತಪಾಸಣಿ ಇರತೈತಿ. ಕುರ್ಚಿ-ಗಿರ್ಚಿ ಕಂಡ್ರ ಕಾರ್ಡು ಹೋಗತೈತಿ, ಹುಷಾರ್" ಎಂದಿದ್ದ.

"ಬರ್ಲಿ ಅನ್ರಿ" ಎಂದಿದ್ದಳು ಅಕ್ಕ. "ಒಂದೀಟು ಮೊದಲ ಹೇಳಿ ಕಳಸ್ರಿ ಅಷ್ಟ. ಕುರ್ಚಿ ತರಬೇಕಾಗತೈತಿ."

ಸಾಹೇಬರೇ, ಕುರ್ಚಿಗೆ ಹೊಸ ರೆಗ್ಜಿನ್ ಹಾಕಿಟ್ಟಿದ್ದೇನೆ. ಯಾವಾಗ ಬರುತ್ತೀರಿ?