ಯಂಕವ್ವನವರ ಅಂಚಿನ ಸಾಲು

2018ರ ಅಕ್ಟೋಬರ್ 7, ಭಾನುವಾರ. ಹಿಂಗಾರಿ ಬಿತ್ತನೆಯ ಕಾಲ. ಹಸ್ತ ಮಳೆ ಎರಡು ದಿನ ಸುರಿದು ಬಿಡುವು ಕೊಟ್ಟಿತ್ತು. ಬೆಳಗಿನ ಒಂಬತ್ತಕ್ಕೆ ಬಿಸಿಲು ಬಿದ್ದಿತ್ತಾದರೂ ಕುಕನೂರಿನ ಕರಿಮಣ್ಣು ಇನ್ನೂ ಕಾಲಿಗೆ ಅಂಟುತ್ತಿತ್ತು. ಆ ಮಣ್ಣನ್ನು ನಮ್ಮ ಮೆಟ್ಟಿಲಿನ ಅಂಚಿಗೆ ಒರೆಸಿಕೊಂಡು ಯಂಕವ್ವನವರು ಪಾಠಕ್ಕೆ ಬಂದರು.

ಅವರಿಗಾಗ ಮೂವತ್ತೊಂಬತ್ತು ವರ್ಷ. ಕುಕನೂರಿಗೆ ನಾಲ್ಕು ಕಿಲೋಮೀಟರ್ ದೂರದ ತಮ್ಮ ಹಳ್ಳಿಯ ಅಂಗನವಾಡಿಯಲ್ಲಿ 2007ರ ಜೂನ್ 11ರಿಂದ ಸಹಾಯಕಿ. ಅಲ್ಲಿಯ ಕಾರ್ಯಕರ್ತೆ 2019ರ ಮೇ 31ರಂದು ನಿವೃತ್ತರಾಗುವವರಿದ್ದರು. ಅಷ್ಟರೊಳಗೆ ಹತ್ತನೆಯ ತರಗತಿ ಪಾಸಾದರೆ ಆ ಸ್ಥಾನ ಯಂಕವ್ವನವರದು, ಇಲ್ಲವಾದರೆ ಬೇರೊಬ್ಬರದು. ಉಳಿದ ವಿಷಯಗಳನ್ನೆಲ್ಲ ಅವರು ದಾಟಿದ್ದರು. ಗಣಿತವೊಂದರಲ್ಲಿ ಎರಡು ಸಲ ಅನುತ್ತೀರ್ಣರಾಗಿದ್ದರು. ಮುಂದಿನ ಮಾರ್ಚ್ ತಿಂಗಳ ಪರೀಕ್ಷೆ ಕೊನೆಯ ಅವಕಾಶ.

ನಾನು ಮೂವತ್ಮೂರು ವರ್ಷ ಗಣಿತ ಕಲಿಸಿ 2006ರ ಮೇ 31ರಂದು ನಿವೃತ್ತನಾದವನು. ಅನುಪಾತ ಗಟ್ಟಿಯಾಗದೆ ಸಮರೂಪ ತ್ರಿಭುಜಗಳು ತಲೆಗೆ ಹತ್ತುವುದಿಲ್ಲವೆಂದು ಅವರಿಗೆ ಆರನೆಯ ತರಗತಿಯ ಪುಸ್ತಕದಿಂದಲೇ ಪಾಠ ತೊಡಗಿದ್ದೆ. ಅಲ್ಲಿ ಒಂದು ವಿಚಿತ್ರ ಕಾಣಿಸಿತು. ಎರಡು ಅನುಪಾತಗಳನ್ನು ಕೊಟ್ಟು ಯಾವುದು ಹೆಚ್ಚೆಂದು ಕೇಳಿದರೆ ಅವರ ಉತ್ತರ ತಪ್ಪುತ್ತಲೇ ಇರಲಿಲ್ಲ. ಸಮಾನ ಅನುಪಾತ ಬರುವಂತೆ ಬಿಟ್ಟ ಜಾಗ ತುಂಬಿರೆಂದರೆ ಮಾತ್ರ ಪ್ರತಿ ಸಲವೂ ಸರಿಯಾದ ಉತ್ತರಕ್ಕಿಂತ ಒಂದು ಹೆಚ್ಚು. ನಾಲ್ಕು ಭಾನುವಾರ ನಾನು ಇದನ್ನು ಅಜಾಗರೂಕತೆಯೆಂದೇ ತಿಳಿದೆ.

ಅಂದಿನ ಲೆಕ್ಕ ಇದು: ಒಂದು ಪಾತ್ರೆಯಲ್ಲಿ ಒಂಬತ್ತು ಲೋಟ ನೀರಿಗೆ ಎರಡು ಚಮಚ ಸಕ್ಕರೆ, ಇನ್ನೊಂದರಲ್ಲಿ ಹನ್ನೆರಡು ಲೋಟಕ್ಕೆ ಮೂರು ಚಮಚ. ಯಾವುದು ಹೆಚ್ಚು ಸಿಹಿ?

"ಎರಡನೇದ್ರಿ ಸರ," ಎಂದರು ತಡವಿಲ್ಲದೆ.

"ಛಲೋ. ಮೊದಲನೇ ಪಾತ್ರಿಯಷ್ಟಽ ಸಿಹಿ ಬರಬೇಕಂದ್ರ ಇಪ್ಪತ್ತೇಳು ಲೋಟಕ್ಕ ಎಷ್ಟು ಚಮಚ?"

"ಏಳ್ರಿ."

"ಆರು, ಯಂಕವ್ವ! ನೀರು ಮೂರು ಪಟ್ಟು, ಸಕ್ಕರಿನೂ ಮೂರು ಪಟ್ಟು. ಏಳನೇದು ಎಲ್ಲಿಂದ ತಂದಿ?"

"ಅದು ಬೇಕಾಗತೈತ್ರಿ."

"ಯಾರಿಗೆ ಬೇಕಾಗತೈತಿ?"

ಚಹಾ ತಂದ ನನ್ನ ಮಡದಿ ಬಟ್ಟಲನ್ನು ಕೆಳಗಿಡುತ್ತ ಹೇಳಿದಳು: "ಮೂವತ್ಮೂರು ವರ್ಷ ಕೆಂಪು ಗೀಟು ಎಳದಿದ್ದಽ ಆತು. ಹೆಂಗ ಮಾಡಿದಿ ಅಂತ ಒಮ್ಮೆರ ಕೇಳೀರೇನ್ರಿ?"

ಕೇಳಿದೆ. ಯಂಕವ್ವನವರು ನೋಟಬುಕ್ಕಿನ ಕೊನೆಯ ಪುಟ ತೆರೆದರು. ಪುಟದ ತುಂಬ ಪೆನ್ಸಿಲ್ ಗೆರೆಗಳು: ಒಂಬತ್ತು ಉದ್ದ, ಎರಡು ಗಿಡ್ಡ, ಮತ್ತೆ ಒಂಬತ್ತು ಉದ್ದ, ಎರಡು ಗಿಡ್ಡ.

"ಉದ್ದನೂ ಜೋಳದ ಸಾಲ್ರಿ, ಅಂದ್ರ ನೀರು. ಗಿಡ್ಡನೂ ಕುಸುಬಿ, ಸಕ್ಕರಿ."

ನಮ್ಮ ಎರೆ ಹೊಲಗಳಲ್ಲಿ ಹಿಂಗಾರಿ ಜೋಳದ ಇಂತಿಷ್ಟು ಸಾಲಿಗೆ ಇಂತಿಷ್ಟು ಸಾಲು ಕುಸುಬಿ ಎಂಬ ಎಣ್ಣೆಕಾಳು ಹಾಕುವುದುಂಟು. ಅದಕ್ಕೆ ಅಕ್ಕಡಿ ಎನ್ನುತ್ತಾರೆ. ಹನ್ನೆರಡನೆಯ ವಯಸ್ಸಿನಿಂದ ಕೂರಿಗೆಯ ಹಿಂದೆ ನಡೆದು ಬೀಜ ಬಿಟ್ಟ ಕೈ ಯಂಕವ್ವನವರದು.

"ಒಂದೊಂದು ಪಾತ್ರಿ ಒಂದೊಂದು ಹೊಲ ಅನ್ಕೋರಿ. ಎರಡೂ ಹೊಲದಾಗ ಕುಸುಬಿ ಸಮ ಆಗೋತನಕ ಬಿತ್ತಬೇಕ್ರಿ. ಮೊದಲನೇದು ಮೂರು ಸುತ್ತು, ಎರಡನೇದು ಎರಡು ಸುತ್ತು. ಎರಡರಾಗೂ ಕುಸುಬಿ ಆರಾರು. ಇಲ್ಲಿ ಜೋಳ ಇಪ್ಪತ್ತೇಳು, ಅಲ್ಲಿ ಇಪ್ಪತ್ನಾಕು. ನೀರು ಕಡಿಮಿ ಇದ್ದಲ್ಲೇ ಸಿಹಿ ಹೆಚ್ಚಲ್ರಿ?"

ಸಮಾನ ಅನುಪಾತಗಳ ಮೂಲಕ ಹೋಲಿಕೆ ಎಂದು ಸಾವಿರಾರು ಮಕ್ಕಳಿಗೆ ನಾನು ಬಾಯಿಪಾಠ ಮಾಡಿಸಿದ ವಿಧಾನವನ್ನು ಈ ಹೆಣ್ಣುಮಗಳು ಯಾವ ಹಲಗೆಯ ನೆರವೂ ಇಲ್ಲದೆ ಕಾಲ್ನಡಿಗೆಯಲ್ಲಿ ಕಂಡುಕೊಂಡಿದ್ದರು. ಅವರಿಗಿಂತ ಮೊದಲು ಇನ್ನೆಷ್ಟು ತಲೆಮಾರು ಅದೇ ನೆಲದಲ್ಲಿ ಹಾಗೆ ನಡೆದಿತ್ತೋ! ಆ ಪುಟವನ್ನು ನನ್ನ ಕಡೆಗೆ ತಿರುಗಿಸಿಕೊಂಡು ಗೆರೆಗಳನ್ನು ಬೆರಳಿನಿಂದ ಎಣಿಸಿದೆ.

"ಮತ್ತ ಏಳನೇದು?" ಎಂದು ಮೆಲ್ಲಗೆ ಕೇಳಿದೆ.

"ಕಡೀ ಸಾಲು ಕುಸುಬಿ, ಮುಳ್ಳಿನ ಗಿಡ. ಆ ಕಡಿಂದ ದನ ಒಳಗ ಬರಂಗಿಲ್ಲ. ಮೊದಲನೇ ಸಾಲು ಜೋಳ ಅಲ್ರಿ? ಈ ಕಡಿಂದ ಮೇದು ಹೋಗತಾವು. ಅದಕ್ಕ ಈ ಅಂಚಿಗೂ ಒಂದು ಕುಸುಬಿ. ಅದನ್ನ ಬಿಟ್ರ ನಮ್ಮಪ್ಪ ಹೊಲದಾಗ ನಿಂದ್ರಸಿ ಬೈತಿದ್ದ."

ಎರಡೂ ಹೊಲಕ್ಕೆ ಒಂದೊಂದು ಅಂಚಿನ ಸಾಲು ಸೇರುತ್ತಿದ್ದುದರಿಂದ ಎರಡರ ಕುಸುಬಿಯೂ ಸಮವಾಗಿಯೇ ಉಳಿದು ಹೋಲಿಕೆ ಕೆಡುತ್ತಿರಲಿಲ್ಲ. ಬಿಟ್ಟ ಜಾಗದಲ್ಲಿ ಮಾತ್ರ ಅದು ತಪ್ಪಾಗಿ ನಿಲ್ಲುತ್ತಿತ್ತು. ಅವರ ಲೆಕ್ಕದಲ್ಲಿ ದೋಷವಿರಲಿಲ್ಲ. ಅದಕ್ಕೊಂದು ಬೇಲಿ ಇತ್ತು.

"ಯಂಕವ್ವ, ಪರೀಕ್ಷಾದಾಗ ದನ ಬರಂಗಿಲ್ಲವಾ. ಅಂಚಿನ ಸಾಲು ಬಿಡು."

"ಬಿಡಾಕ ಮನಸ್ಸು ಒಪ್ಪಂಗಿಲ್ರಿ ಸರ."

"ಪುಸ್ತಕದಾಗ ಬಿಡು, ಹೊಲದಾಗ ಬಿಡಬ್ಯಾಡ," ಎಂದಳು ಮಡದಿ. "ದನಕ್ಕ ಓದಾಕ ಬರಂಗಿಲ್ಲ."

ಯಂಕವ್ವನವರು ನಕ್ಕು, ರಬ್ಬರಿನಿಂದ ಆ ಒಂದು ಗೆರೆಯನ್ನು ಒರೆಸಿದರು. ಮಧ್ಯಾಹ್ನದವರೆಗೆ ಇಪ್ಪತ್ನಾಲ್ಕು ಲೆಕ್ಕ ಕೊಟ್ಟೆ. ಇಪ್ಪತ್ನಾಲ್ಕೂ ಸರಿಯಿದ್ದವು. ನವೆಂಬರ್ 18ರ ಭಾನುವಾರ ಸಮರೂಪ ತ್ರಿಭುಜಗಳನ್ನು ತೆಗೆದೆವು. ಬಾಹುಗಳನ್ನೂ ಅವರು ಸುತ್ತುಗಳಂತೆಯೇ ಎಣಿಸಿದರು, ನಾನು ತಡೆಯಲಿಲ್ಲ.

ಗಣಿತ ಪರೀಕ್ಷೆ 2019ರ ಮಾರ್ಚ್ 25, ಸೋಮವಾರ ನಡೆಯಿತು. ಏಪ್ರಿಲ್ 30ರಂದು ಫಲಿತಾಂಶ ಬಂತು: ನೂರಕ್ಕೆ ನಲವತ್ತಾರು, ಉತ್ತೀರ್ಣ. ಜುಲೈ 17, ಬುಧವಾರ ಯಂಕವ್ವನವರು ಅದೇ ಅಂಗನವಾಡಿಯ ಕಾರ್ಯಕರ್ತೆಯಾಗಿ ಹಾಜರಾತಿ ಪುಸ್ತಕದಲ್ಲಿ ಸಹಿ ಮಾಡಿದರು. ಅಂದು ದಾಖಲೆಯಲ್ಲಿದ್ದ ಮಕ್ಕಳು ಮೂವತ್ತೊಂದು, ಬಂದವರು ಇಪ್ಪತ್ತೆಂಟು.