ಕುಳಿತವರು ಯಾರೂ ಎತ್ತರಕ್ಕೆ ಹೋಗಿಲ್ಲ

ಪೀಣ್ಯದ ಒಂದು ಪಂಪು ಕಾರ್ಖಾನೆಯಲ್ಲಿ ಆರು ವರ್ಷ ನಾನು ಒಬ್ಬ ದೊಡ್ಡ ಮನುಷ್ಯರ ಮಾತನ್ನು ಒಗೆದು ಇಸ್ತ್ರಿ ಮಾಡಿ ಕೊಟ್ಟೆ. ಹೆಮ್ಮೆಯಿಂದ ಹೇಳುತ್ತಿಲ್ಲ, ಹೊಟ್ಟೆ ಉರಿದು ಹೇಳುತ್ತಿದ್ದೇನೆ. ಅವರು ನಮ್ಮ ಮಾಲೀಕರು. ಟೀವಿಯಲ್ಲಿ ಬರುತ್ತಿದ್ದರು, ಪೇಪರಿನಲ್ಲಿ ಬರುತ್ತಿದ್ದರು, ಹುಡುಗರಿಗೆ ಬುದ್ಧಿ ಹೇಳಲು ಕಾಲೇಜಿನವರು ಅವರನ್ನು ಕರೆಯುತ್ತಿದ್ದರು. ಕಾರ್ಖಾನೆಗೆ ಬಂದರೆ ಅವರ ಭಾಷಣ ಇಂಗ್ಲಿಷಿನಲ್ಲಿ. ಪಕ್ಕದಲ್ಲಿ ನಿಂತು ಅದನ್ನು ಕನ್ನಡದಲ್ಲಿ ಹೇಳುವುದು ಆಫೀಸಿನ ಗುಮಾಸ್ತೆಯಾದ ನನ್ನ ಕೆಲಸ. ಗೇಟಿನ ಪಕ್ಕದ ಕಪ್ಪು ಹಲಗೆಯ ಮೇಲೆ ದಿನಾ ಬೆಳಿಗ್ಗೆ ‘ಇಂದಿನ ನುಡಿ’ ಎಂದು ಅವರದೇ ಒಂದು ಮಾತನ್ನು ಬರೆಯುವುದೂ ನನ್ನ ಪಾಲಿಗೇ ಬಂದಿತ್ತು.

ಅವರ ಮಾತನ್ನು ಇದ್ದ ಹಾಗೆ ಬರೆಯುವುದು ಮಾತ್ರ ಸಾಧ್ಯವಿರಲಿಲ್ಲ. ‘ಹಸಿವು ಏನೆಂದು ನನಗೂ ಗೊತ್ತು, ಪ್ರತಿ ಸೋಮವಾರ ಮಧ್ಯಾಹ್ನದವರೆಗೆ ನಾನು ಏನೂ ತಿನ್ನುವುದಿಲ್ಲ’ ಎಂದು ಒಮ್ಮೆ ಕಣ್ಣು ಮುಚ್ಚಿಕೊಂಡು ಹೇಳಿದರು. ನಾನು ಹಲಗೆಯ ಮೇಲೆ ‘ಅನ್ನವನ್ನು ಗೌರವಿಸೋಣ’ ಎಂದು ಬರೆದೆ. ಇನ್ನೊಮ್ಮೆ, ‘ಈ ಊರಿನ ಟ್ರಾಫಿಕ್ಕನ್ನು ಯಾಕೆ ಬೈಯುತ್ತೀರಿ, ಗೊರಗುಂಟೆಪಾಳ್ಯದ ಸಿಗ್ನಲ್ಲಿನಲ್ಲಿ ನಾನು ಎಷ್ಟೋ ಪುಸ್ತಕ ಓದಿ ಮುಗಿಸಿದ್ದೇನೆ’ ಎಂದರು. ಎದುರಿಗೆ ಕೂತಿದ್ದವರಲ್ಲಿ ಅರ್ಧ ಜನ ಅದೇ ಸಿಗ್ನಲ್ಲಿನಲ್ಲಿ ಬಸ್ಸಿನ ಬಾಗಿಲಿಗೆ ನೇತಾಡಿಕೊಂಡು ಬಂದವರು. ಅದನ್ನು ‘ಸಮಯ ಹಾಳು ಮಾಡಬೇಡಿ’ ಎಂದು ಮಾಡಿದೆ. ನಗು ಬರುವ ಭಾಗವನ್ನೆಲ್ಲ ಹೀಗೆ ನಾನೇ ಮುಚ್ಚಿಟ್ಟೆ. ನಿನ್ನ ಕನ್ನಡ ಬಹಳ ನಯ ಎಂದು ಮ್ಯಾನೇಜರು ಹೊಗಳುತ್ತಿದ್ದರು, ನಾನೂ ಉಬ್ಬುತ್ತಿದ್ದೆ.

ನಮ್ಮ ಅಸೆಂಬ್ಲಿ ಲೈನಿನಲ್ಲಿ ಹೆಂಗಸರು ಶಿಫ್ಟು ಮುಗಿಯುವವರೆಗೂ ನಿಂತೇ ಪಂಪಿಗೆ ನೀರು ಸೋರದಂತೆ ರಬ್ಬರ್ ಸೀಲು ಹಾಕುತ್ತಿದ್ದರು. ಅವರಲ್ಲಿ ಕೊಪ್ಪಳದ ಕಡೆಯ ಒಬ್ಬ ಅಕ್ಕ ಲಗ್ಗೆರೆಯಲ್ಲಿ ನಮ್ಮದೇ ವಠಾರದವರು, ನನ್ನ ರೂಮಿನಿಂದ ಎರಡನೇ ಬಾಗಿಲು. ನಿಂತು ನಿಂತು ಅವರ ಮೀನಖಂಡದ ನರಗಳು ಹಗ್ಗದ ಹಾಗೆ ಉಬ್ಬಿಕೊಂಡಿದ್ದವು. ವಾರ್ಷಿಕ ಸಭೆಯ ದಿನ ಈ ಅಕ್ಕ ಎಲ್ಲರ ನಡುವೆ ಎದ್ದು, ಲೈನಿನವರಿಗೆ ಒಂದೊಂದು ಸ್ಟೂಲು ಹಾಕಿಸಿಕೊಡಿ ಎಂದು ಕೇಳಿದರು. ನಾನು ಅದನ್ನು ಇಂಗ್ಲಿಷಿನಲ್ಲಿ ಹೇಳಿದೆ. ದೊಡ್ಡವರು ಸೋಫಾದಲ್ಲಿ ಒರಗಿಕೊಂಡೇ ಮೈಕು ತೆಗೆದುಕೊಂಡು, ಕುಳಿತವರು ಯಾರೂ ಎತ್ತರಕ್ಕೆ ಹೋಗಿಲ್ಲ ಎಂದರು.

ನನ್ನ ಬಾಯಿಂದ ಬಂದದ್ದು ಮಾತ್ರ, ‘ನಿಮ್ಮ ಬೇಡಿಕೆ ಸಾಹೇಬರ ಗಮನದಲ್ಲಿದೆ, ಸ್ವಲ್ಪ ತಾಳ್ಮೆ ಇರಲಿ.’ ಹೆಂಗಸರು ಜೋರಾಗಿ ಚಪ್ಪಾಳೆ ತಟ್ಟಿದರು. ಚಪ್ಪಾಳೆ ತಮ್ಮ ಮಾತಿಗೇ ಬಿತ್ತೆಂದುಕೊಂಡ ದೊಡ್ಡವರು ಅದನ್ನೇ ಇನ್ನೊಂದು ಸಲ ಹೇಳಿದರು. ನಾನೂ ನನ್ನ ಸುಳ್ಳನ್ನು ಇನ್ನೊಂದು ಸಲ ಹೇಳಿದೆ.

ಆಮೇಲೆ ಅಕ್ಕ ದಿನಾ ನನ್ನ ಮೇಜಿನ ಹತ್ತಿರ ಬಂದು ಸ್ಟೂಲು ಬಂದವೇ ಎಂದು ಕೇಳುತ್ತಿದ್ದರು. ಗಲಾಟೆ ಮಾಡೋಣ ಎಂದ ಹೆಂಗಸರನ್ನೂ, ಸಾಹೇಬರು ಮಾತು ಕೊಟ್ಟಿದ್ದಾರೆ ಎಂದು ಅವರೇ ಸುಮ್ಮನಿರಿಸಿದರು. ಹೀಗೆ ನಾಲ್ಕು ತಿಂಗಳು ಅವರನ್ನು ನಿಲ್ಲಿಸಿದ್ದು ನನ್ನ ನಯವಾದ ಕನ್ನಡ. ಕೊನೆಗೆ ಡಾಕ್ಟರು ಇನ್ನು ನಿಲ್ಲಲೇಬಾರದು ಎಂದರು. ಕೂತು ಮಾಡುವ ಕೆಲಸ ಇಲ್ಲಿಲ್ಲ ಎಂದು ಮ್ಯಾನೇಜರು ಕೈ ತೊಳೆದುಕೊಂಡರು. ‘ಸ್ವಇಚ್ಛೆಯಿಂದ ಕೆಲಸ ಬಿಡುತ್ತಿದ್ದೇನೆ’ ಎಂಬ ಕಾಗದವನ್ನು ಟೈಪು ಮಾಡಿದ್ದೂ ನಾನೇ. ಅಕ್ಕ ಅದಕ್ಕೆ ಸಹಿ ಹಾಕಿ, ನನಗೆ ನಮಸ್ಕಾರ ಮಾಡಿ ಹೋದರು.

ಆ ನಮಸ್ಕಾರವನ್ನು ಅರಗಿಸಿಕೊಳ್ಳಲು ನನ್ನಿಂದ ಆಗಲಿಲ್ಲ. ಭಾನುವಾರ ಬೆಳಿಗ್ಗೆ ಅವರ ಬಾಗಿಲಿಗೆ ಹೋದೆ. ಬಕೆಟ್ಟು ಬೋರಲು ಹಾಕಿ ಅದರ ಮೇಲೆ ಕಾಲು ಚಾಚಿಕೊಂಡು ಕೂತಿದ್ದರು. ಅವತ್ತು ಸಾಹೇಬರು ನಿಜವಾಗಿ ಹೇಳಿದ್ದೇನು ಎಂಬುದನ್ನು ತಲೆ ತಗ್ಗಿಸಿಕೊಂಡು ಹೇಳಿಬಿಟ್ಟೆ. ಅಕ್ಕ ಬಕೆಟ್ಟಿನ ಮೇಲಿಂದ ಕಾಲು ಇಳಿಸಿ ಕೇಳಿದರು:

“ಅಲ್ರೀ ಅಕ್ಕಾರ, ಅವ್ರು ವಿಮಾನದಾಗ ನಿಂತಕೊಂಡು ಹೋಗ್ತಾರೇನ್ರೀ?”

ಇಬ್ಬರೂ ಕಣ್ಣಲ್ಲಿ ನೀರು ಬರುವಷ್ಟು ನಕ್ಕೆವು. ನಗು ನಿಂತ ಮೇಲೆ ಅವರು ಕಾಲು ನೀವಿಕೊಳ್ಳುತ್ತ ಹೇಳಿದರು, “ನೀವು ಅವತ್ತ ಖರೇ ಹೇಳಿದ್ರ, ಇದನ್ನ ಅವತ್ತ ಅವ್ರನ್ನೇ ಕೇಳ್ತಿದ್ದೆ.”

ಸೇಡು ತೀರಿಸಿಕೊಳ್ಳಲೇಬೇಕು ಎಂದು ಅಲ್ಲೇ ನಿರ್ಧರಿಸಿದೆ. ನನಗೆ ಬರುತ್ತಿದ್ದದ್ದು ಒಂದೇ ವಿದ್ಯೆ. ಸೋಮವಾರ ಗೇಟಿನ ಹಲಗೆಯ ಮೇಲೆ ‘ಕುಳಿತವರು ಯಾರೂ ಎತ್ತರಕ್ಕೆ ಹೋಗಿಲ್ಲ’ ಎಂದು ದಪ್ಪಕ್ಷರದಲ್ಲಿ ಬರೆದು ಕೆಳಗೆ ದೊಡ್ಡವರ ಹೆಸರು ಹಾಕಿದೆ. ಮೊದಲು ಓದಿದ ಸೆಕ್ಯುರಿಟಿಯವರು ತಮ್ಮ ಕುರ್ಚಿಯಿಂದ ಎದ್ದು ನಿಂತರು. ಮಧ್ಯಾಹ್ನದ ಹೊತ್ತಿಗೆ ಲೈನಿನ ಹೆಂಗಸರು, ಕೂರಲು ಹೋದ ಸೂಪರ್‌ವೈಸರಿಗೆಲ್ಲ “ಬೇಡಿ ಸಾರ್, ಎತ್ತರಕ್ಕೆ ಹೋಗಲ್ಲ” ಎನ್ನತೊಡಗಿದ್ದರು. ಮರುದಿನ ಸೋಮವಾರದ ಉಪವಾಸ ಬರೆದೆ, ಅದರ ಮರುದಿನ ಸಿಗ್ನಲ್ಲಿನ ಪುಸ್ತಕ. ಮ್ಯಾನೇಜರು ಕೆಂಡವಾದರು. “ಅವರದೇ ಮಾತು ಸಾರ್, ಒಂದಕ್ಷರ ಸೇರ್ಸಿಲ್ಲ. ಅಳಿಸ್ಬಿಡ್ಲಾ?” ಎಂದು ಕೇಳಿದೆ. ಸಾಹೇಬರ ಮಾತನ್ನು ಅಳಿಸು ಎನ್ನುವ ಧೈರ್ಯ ಅವರಿಗೆ ಬರಲಿಲ್ಲ.

ಮುಂದಿನ ಸಲ ದೊಡ್ಡವರು ಬರುವ ದಿನ ಮತ್ತೆ ‘ಕುಳಿತವರು’ ಮಾತನ್ನೇ ಬರೆದೆ. ಹಲಗೆಯ ಮುಂದೆ ಜನ ಮೊಬೈಲಿನಲ್ಲಿ ಫೋಟೋ ತೆಗೆಯುವುದನ್ನು ನೋಡಿ, ಏನು ಬರೆದಿದ್ದೀಯ ಎಂದು ಕೇಳಿದರು. ಹೇಳಿದೆ. ಅವರ ಮುಖ ಅರಳಿತು. ಇದು ಸೀಮೆಸುಣ್ಣದಲ್ಲಿ ಇರಬೇಕಾದ ಮಾತಲ್ಲ, ಸ್ಟೀಲಿನ ಫಲಕದ ಮೇಲೆ ಎರಡೂ ಭಾಷೆಯಲ್ಲಿ ಕೊರೆಸಿ, ನನ್ನ ಸಹಿ ಹಾಕಿಸಿ, ಲೈನಿನ ಎದುರಿಗೇ ತೂಗುಹಾಕಿ ಎಂದರು. ನನಗೆ ಹಬ್ಬವಾಯಿತು. ಅಕ್ಷರ ಎಷ್ಟು ದಪ್ಪವಿರಬೇಕು ಎಂದು ಮ್ಯಾನೇಜರು ಕೇಳಿದಾಗ, ಎಷ್ಟು ಸಾಧ್ಯವೋ ಅಷ್ಟು ಎಂದೆ.

ಎರಡು ತಿಂಗಳಿಗೆ, ನಮ್ಮ ಪಂಪು ಕೊಳ್ಳುವ ಹೊರದೇಶದ ಕಂಪನಿಯಿಂದ ಒಬ್ಬ ಹೆಂಗಸು ಕೆಲಸಗಾರರ ಸ್ಥಿತಿಗತಿಯ ಆಡಿಟ್‌ಗೆ ಬಂದರು. ಲೈನಿನವರು ಯಾಕೆ ನಿಂತೇ ಇದ್ದಾರೆ ಎಂದು ಕೇಳಿದರು. ಜಾಗ ಸಾಲದು, ತಾತ್ಕಾಲಿಕ ಎಂದು ಮ್ಯಾನೇಜರು ತೊದಲಿದರು. ಆಕೆ ತಲೆಯೆತ್ತಿ ಫಲಕ ಓದಿದರು, ಇನ್ನೊಮ್ಮೆ ಓದಿದರು, ನನ್ನ ಕಡೆ ತಿರುಗಿದರು. ಇದು ನಮ್ಮ ಸಾಹೇಬರ ಸ್ವಂತ ಮಾತು, ಸಹಿಯೂ ಅವರದೇ ಎಂದೆ. ಆಕೆ ಫೋಟೋ ತೆಗೆದುಕೊಂಡರು. ಆ ಫೋಟೋ ಆಡಿಟ್ ವರದಿಯ ಮೊದಲನೇ ಪುಟದಲ್ಲೇ ಬಂತು. ಒಂದು ತಿಂಗಳೊಳಗೆ ಲೈನಿನ ತುಂಬ ಸ್ಟೂಲು ಬಂದವು, ಫಲಕ ಕೆಳಗಿಳಿಯಿತು. ಅದನ್ನು ಗುಜರಿಗೆ ಹಾಕು ಎಂದು ಮ್ಯಾನೇಜರು ಹೇಳಿದರು. ನಾನು ಆಟೋದಲ್ಲಿ ಹಾಕಿಕೊಂಡು ವಠಾರಕ್ಕೆ ತಂದೆ.

ಸ್ಟೂಲು ಬಂದವು ಎಂದು ಅಕ್ಕನಿಗೆ ಹೇಳಿದಾಗ ಅವರು ಕೇಳಿದ್ದು ಇಷ್ಟೇ: “ನನ್ನ ಜಾಗದಾಗ ಯಾರು ಕೂತಾರ್ರೀ?” ಹೊಸಬರು ಎಂದೆ. ಒಳ್ಳೇದಾತು ಎಂದರು. ನನ್ನ ಸಿಟ್ಟು ಇಳಿಯಲಿಲ್ಲ, ಇವತ್ತಿಗೂ ಇಳಿದಿಲ್ಲ.

ಈಗ ಅಕ್ಕ ಮನೆಯಲ್ಲೇ ಸೀರೆಗೆ ಕುಚ್ಚು ಕಟ್ಟುತ್ತಾರೆ. ನಮ್ಮ ಬಾಗಿಲ ಮುಂದೆ ನಾಲ್ಕು ಸಿಮೆಂಟ್ ಇಟ್ಟಿಗೆ ಜೋಡಿಸಿ, ಆ ಫಲಕವನ್ನು ಬೆಂಚು ಮಾಡಿದ್ದೇನೆ. ಅಕ್ಷರ ಕೆಳಗೆ ಮಾಡಿ ಹಾಕೋಣ, ನುಣ್ಣಗಿರುತ್ತದೆ ಎಂದು ಅಕ್ಕ ಹೇಳಿದರು. ನಾನು ಒಪ್ಪಲಿಲ್ಲ. ಸಂಜೆ ಟೀ ಹಿಡಿದು ಇಬ್ಬರೂ ಅದರ ಮೇಲೆ ಕೂರುತ್ತೇವೆ. ‘ಎತ್ತರ’ದ ಮೇಲೆ ನಾನು, ಸಹಿಯ ಮೇಲೆ ಅಕ್ಕ.